ವಕಾರದ ಒತ್ತು ಮುಗಿದ ವಾರ

ಏಳನೆಯ ಇಯತ್ತೆಯ ಭೂಗೋಳ, ಐದನೆಯ ಫಾರ್ಮು
ಅರ್ಧಕ್ಕೆ ಬರುವಾಗ
ಗದಗಿನ ಮುಳಗುಂದ ನಾಕಾದ ನಮ್ಮ ಮುದ್ರಣಾಲಯದಲ್ಲಿ
ವಕಾರದ ಒತ್ತು ಮುಗಿದುಹೋದವು.

ಖಾನೆಯ ತಳಕ್ಕೆ ಬೆರಳಾಡಿಸಿ
ಅಂದಾನೆಪ್ಪ ಹಡಗಲಿ ಅಂದ:
"ದ್ವೀಪ ಮುಗದ್ವರೀ ಅಕ್ಕಾರ.
ಇನ್ನೇನಿದ್ರೂ ದೀಪನ."

ನಾನು ಕರಡು ತಿದ್ದುವವಳು, ಕೆಂಪು ಶಾಯಿಯ ಅನ್ನ.
ಓದುತ್ತ ಹೋದೆ:
ದೀಪದ ಸುತ್ತಲೂ ಸಮುದ್ರವಿದೆ.
ದೀಪಕ್ಕೆ ರಾಜಧಾನಿ ಇಲ್ಲ.
ದೀಪದ ವಿಸ್ತೀರ್ಣ ಇಪ್ಪತ್ತೊಂದು ಚದರ ಕಿಲೋಮೀಟರು.
"ಬೆಟಗೇರಿ ಕೂಡಿಸಿ ನಮ್ಮ ಗದಗಿನಷ್ಟು?"
"ಅದಕ್ಕಿಂತ ಸಣ್ಣದು."
"ಹಂಗಾರ ಪಂಚಾಯ್ತಿ."
"ಅಲ್ಲ, ಪಾರ್ಲಿಮೆಂಟು. ಹದಿನೆಂಟು ಮಂದಿ."
ನಕ್ಕ. ಮದುವೆಯಲ್ಲಿ ಅರ್ಧ ಪಂಕ್ತಿಯೂ ಆಗುವುದಿಲ್ಲ ಅಷ್ಟು ಜನ.

ಅವನು ಸಮುದ್ರ ಕಂಡವನಲ್ಲ.
ಅಡ್ಡಹೆಸರಿನಲ್ಲಿ ಒಂದು ಹಡಗು, ಅಷ್ಟೇ,
ಅದೂ ದಂಡೆಗೆ ಕಟ್ಟಿದ್ದು.
ನೌ, ರು
ಎರಡೇ ಮೊಳೆಗೆ ದೇಶವೊಂದು ಮುಗಿದದ್ದು ಕಂಡು
"ಅಗ್ಗಾತು ಬಿಡ್ರಿ" ಎಂದು ಕಡ್ಡಿ ಕಿವಿಗೆ ಸಿಕ್ಕಿಸಿದ.

ಆಮೇಲೆ ಕಲ್ಲಿನ ಕಥೆ ಬಂತು.
ಆ ನೆಲದ್ದೇ ಒಂದು ಕಲ್ಲು, ದೂರದ ಸಿಡ್ನಿಯಲ್ಲಿ,
ಕಚೇರಿಯ ಬಾಗಿಲು ಬಡಿಯದಿರಲೆಂದು ಇಟ್ಟದ್ದು.
ವರ್ಷಗಟ್ಟಲೆ ಎಲ್ಲರೂ ಎಡವಿದರು.
ಒಬ್ಬ ಮಾತ್ರ ಎತ್ತಿಕೊಂಡು ಹೋಗಿ ಪರೀಕ್ಷೆ ಮಾಡಿಸಿದ:
ರಂಜಕ. ಶುದ್ಧ ಗೊಬ್ಬರ.
ಅಲ್ಲಿಂದ ಬಗೆದರು, ಬಗೆದರು,
ಅವರ ನೆಲ ಇನ್ನಾರದೋ ಹೊಲವಾಗಿ ಹಡಗು ಹತ್ತಿತು.
ನಡುವೆ ಉಳಿದದ್ದು ಹಲ್ಲು ಕಿರಿದ ಸುಣ್ಣಗಲ್ಲು.
ಜನ ಅಂಚಿಗೆ, ಒಂದೇ ಒಂದು ರಸ್ತೆಯ ಗುಂಟ,
ರೊಟ್ಟಿಯ ನಡುವೆಲ್ಲ ಯಾರೋ ತಿಂದು
ಸುಟ್ಟ ಅಂಚು ಬಿಟ್ಟಂತೆ.

ಅಂದಾನೆಪ್ಪ ಸ್ಟಿಕ್ಕು ಕೆಳಗಿಟ್ಟ.
ನಮ್ಮ ಬಾಗಿಲಿಗೂ ಒಂದು ಕಲ್ಲಿತ್ತು,
ಕಪ್ಪತಗುಡ್ಡದಿಂದ ಯಾವಾಗಲೋ ಯಾರೋ ತಂದ ಕೆಂಪುಗಲ್ಲು.
ಅದನ್ನು ಕಾಲಿನಿಂದ ಮೆಲ್ಲಗೆ
ಕೇಸಿನ ಕೆಳಗೆ ಸರಿಸಿದ.
ಬಾಗಿಲು ತಾನಾಗಿ ಮುಚ್ಚಿಕೊಂಡಿತು.
ಏನೂ ಅನ್ನಲಿಲ್ಲ. ನಾನೂ ಅನ್ನಲಿಲ್ಲ.
ಬೆಟಗೇರಿ ಕಡೆಯಿಂದ ಮಗ್ಗದ ಸಪ್ಪಳ
ಸ್ವಲ್ಪ ಹೊತ್ತು ಕೇಳಿಸದಾಯಿತು.

ಮುಂದಿನ ಗ್ಯಾಲಿ.
ಸಾವಿರದ ಐದುನೂರು ತಲೆಯಾದರೆ ಕುಲ ಉಳಿದೀತು
ಎಂದು ಲೆಕ್ಕ ಹಾಕಿ ಕಾದಿದ್ದರಂತೆ ಅವರು, ಬೇನೆಗಳ ನಡುವೆ.
ಆ ಕೊನೆಯ ಒಂದು ಹುಟ್ಟಿದ ದಿನ
ಇವತ್ತಿಗೂ ದೇಶಕ್ಕೆ ಹಬ್ಬ.
"ಕೂಸು ಯಾವುದರೀ?"
"ಹೆಣ್ಣು."
ಅವನ ಮನೆಯಲ್ಲಿ ಐದನೆಯವಳು ಹುಟ್ಟಿದಾಗ
ಸಾಕವ್ವ ಎಂದು ಹೆಸರಿಟ್ಟಿದ್ದರು.

ಹಾಗೆ ಎಣಿಸಿ ಹೆಚ್ಚಿಸಿದವರನ್ನು ಯುದ್ಧ ಬಂದು
ಹಡಗಿಗೆ ತುಂಬಿ ಬೇರೊಂದು ದೀಪಕ್ಕೆ ಒಯ್ದಿತು,
ಸಾವಿರದ ಇನ್ನೂರು.
ಮರಳಿದವರು, ಅವನು ಜೋಡಿಸಿದಂತೆ, ಏಳುನೂರು ಚಿಲ್ಲರೆ.
ಕೈಬರಹದ ಪ್ರತಿಯಲ್ಲಿ ಅಂಕಿಯಿತ್ತು: ೭೩೭.
"ಮಂದಿ ಚಿಲ್ಲರೆ ಅಲ್ಲ ಅಂದಾನೆಪ್ಪ."
"ಏಳರ ಮೊಳೆ ಒಂದ ಐತ್ರೀ."
ಎರಡನೆಯ ಏಳನ್ನು ಕೊನೆಗೆ
ಪಾತ್ರೆ ಅಂಗಡಿಯ ಜಾಹೀರಾತಿನಿಂದ ಕಿತ್ತು ತಂದ.
ಅದು ಸಾಲಿಗಿಂತ ದಪ್ಪ, ಸಾಲಿಗಿಂತ ಎತ್ತರ.
ಹಾಗೇ ಇರಲಿ ಎಂದೆ.

ಸೋಮವಾರ ಹುಬ್ಬಳ್ಳಿಯಿಂದ ಒತ್ತು ಬಂದವು,
ಕಾಗದದ ಪೊಟ್ಟಣದಲ್ಲಿ, ಜೋಳದ ಕಾಳಿನಷ್ಟು.
ಸಂಜೆಯವರೆಗೆ ಒಂದೊಂದೇ ದೀಪದ ಕೆಳಗೆ ಸಿಕ್ಕಿಸಿ
ಎಲ್ಲವನ್ನೂ ದ್ವೀಪ ಮಾಡಿದ.
ಒಂದು ಉಳಿದಿತ್ತು.
ಕಂಡೆ. ಕೆಂಪು ಪೆನ್ನಿಗೆ ಮುಚ್ಚಳ ಹಾಕಿದೆ.

ಪುಸ್ತಕ ಹೋದ ತಿಂಗಳಿಗೆ ನರೇಗಲ್ಲಿನ ಮಾಸ್ತರರ ಕಾರ್ಡು:
ಪುಟ ಎಪ್ಪತ್ತೆಂಟು, ಮೂರನೆಯ ಸಾಲು, ಒತ್ತು ಬಿಟ್ಟಿದೆ,
ಮಕ್ಕಳು ನಗುತ್ತಾರೆ.
ಮಾಲೀಕರು ನನ್ನ ಪಗಾರದಲ್ಲಿ ಒಂದೂವರೆ ರೂಪಾಯಿ ಹಿಡಿದರು.

ಕಲ್ಲು ಇನ್ನೂ ಕೇಸಿನ ಕೆಳಗೇ ಇದೆ.
ಬಾಗಿಲಿಗೆ ಈಗ
ಸುತಳಿ ಕಟ್ಟುತ್ತೇವೆ.